ಕಾವೇರಿ ನೀರಿನ ಮೇಲೆ 22 ನಿಮಿಷದ ಸಾಕ್ಷ್ಯಚಿತ್ರ: ಆರನೇ ನಿಮಿಷಕ್ಕೆ ನೋಡುಗರು ದಾರಿ ತಪ್ಪುತ್ತಿದ್ದಾರೆ, ಎಡಿಟ್‌ನಲ್ಲಿ ಏನು ಬದಲಿಸಬೇಕು?

ಟೈಮ್‌ಲೈನ್_ಬಸವನಗುಡಿ

ಎಲ್ಲರಿಗೂ ನಮಸ್ಕಾರ. ಕಾವೇರಿ ನೀರು ಶುದ್ಧೀಕರಣ ಘಟಕ, ಪಂಪ್‌ಹೌಸ್ ಇರುವ ತೊರೆಕಾಡನಹಳ್ಳಿಯಿಂದ ಹೊರಟು ಬೆಂಗಳೂರಿನ ಮನೆಯ ನೆಲದಡಿಯ ನೀರಿನ ಸಂಪಿಗೆ ಬಂದು ಬೀಳುವವರೆಗಿನ ದಾರಿಯ ಮೇಲೆ 22 ನಿಮಿಷದ ಕನ್ನಡ ಸಾಕ್ಷ್ಯಚಿತ್ರ ಎಡಿಟ್ ಆಗುತ್ತಿದೆ. ಯೂಟ್ಯೂಬ್‌ಗೆ ಹೋಗುತ್ತದೆ, ಹೈಸ್ಕೂಲುಗಳಲ್ಲೂ ತೋರಿಸುವ ಯೋಚನೆ ಇದೆ. ಫುಟೇಜ್ 31 ಗಂಟೆ. ದೊಡ್ಡ ಕ್ಯಾಮೆರಾದ್ದು ಸೆಕೆಂಡಿಗೆ 25 ಫ್ರೇಮ್, ಡ್ರೋನಿನದು 50, ಫೋನಿನದು 30. ಇಂಜಿನಿಯರುಗಳ ಸಂದರ್ಶನ ಐದು.

ಈಗಿನ ಜೋಡಣೆ: ಡ್ರೋನ್‌ನಿಂದ ನದಿ ಒಂದೂವರೆ ನಿಮಿಷ. ಆಮೇಲೆ ಇತಿಹಾಸ (1896ರ ಹೆಸರಘಟ್ಟ, 1933ರ ತಿಪ್ಪಗೊಂಡನಹಳ್ಳಿ, 1974ರ ಕಾವೇರಿ ಮೊದಲ ಹಂತ) ನಾಲ್ಕನೇ ನಿಮಿಷದವರೆಗೆ. ಶುದ್ಧೀಕರಣ ಘಟಕ ಒಂಬತ್ತನೇ ನಿಮಿಷದವರೆಗೆ. ತೊರೆಕಾಡನಹಳ್ಳಿ, ಹಾರೋಹಳ್ಳಿ, ತಾತಗುಣಿ ಮೂರೂ ಪಂಪ್‌ಹೌಸ್ ಹದಿನೈದರವರೆಗೆ. ಉಳಿದದ್ದು ನಗರದ ಜಲಾಗಾರ, ವಾಲ್ವ್, ಮನೆ.

ಕಚ್ಚಾ ಪ್ರತಿ ನೋಡಿದವರು ಶುದ್ಧೀಕರಣದ ಮಧ್ಯದಲ್ಲೇ ಫೋನ್ ತೆಗೆದರು. ಮುಗಿದ ಮೇಲೆ ಹೆಚ್ಚಿನವರು ಕೇಳಿದ್ದು ಒಂದೇ ಪ್ರಶ್ನೆ: "ಮೂರು ಕಡೆ ಯಾಕೆ ಪಂಪು? ಒಂದೇ ಕಡೆ ದೊಡ್ಡದು ಇಟ್ಟರೆ ಆಗಲ್ವಾ?" ಆರು ನಿಮಿಷ ಪಂಪು ತೋರಿಸಿಯೂ ಉತ್ತರ ಮುಟ್ಟಿಲ್ಲ. ಎಲ್ಲಿಂದ ಬಿಚ್ಚಬೇಕು?

ಕತ್ತರಿ_ಮಲ್ಲೇಶ್ವರ

ಆ ಪ್ರಶ್ನೆಯನ್ನೇ ಚಿತ್ರದ ಬೆನ್ನೆಲುಬು ಮಾಡಿ ಸರ್. ನಿಮ್ಮ ಜೋಡಣೆ ನೀರು ಹರಿಯುವ ಕ್ರಮದಲ್ಲಿದೆ. ನೋಡುಗನ ಮನಸ್ಸು ಆ ಕ್ರಮದಲ್ಲಿ ಹರಿಯುವುದಿಲ್ಲ. ನದಿ ಕೆಳಗಿದೆ, ಊರು ಮೇಲಿದೆ ಅನ್ನುವುದು ಮೊದಲ ನಿಮಿಷದಲ್ಲೇ ಅವನಿಗೆ ತಟ್ಟದಿದ್ದರೆ ಪಂಪ್‌ಹೌಸ್ ಅವನ ಪಾಲಿಗೆ ಸದ್ದು ಮಾಡುವ ಕಟ್ಟಡ ಅಷ್ಟೇ.

ಕೆಲಸ ಹೀಗೆ ಶುರು ಮಾಡಿ. ಸ್ಪ್ರೆಡ್‌ಶೀಟ್‌ನಲ್ಲಿ ನಾಲ್ಕು ಕಾಲಂ: ಟೈಮ್‌ಕೋಡ್ (ಚಿತ್ರದ ಎಷ್ಟನೇ ನಿಮಿಷ, ಸೆಕೆಂಡ್), ತೆರೆಯ ಮೇಲೆ ಏನಿದೆ, ಆ ಕ್ಷಣ ನೋಡುಗನಿಗೆ ಏಳುವ ಪ್ರಶ್ನೆ, ಉತ್ತರ ಬರುವ ಟೈಮ್‌ಕೋಡ್. ಈಗಿನ ಜೋಡಣೆಯನ್ನೇ ಇದರಲ್ಲಿ ತುಂಬಿಸಿ. ಮೂರನೇ ಕಾಲಂ ಖಾಲಿ ಉಳಿಯುವ ಸಾಲುಗಳು ಪಟ್ಟಿ ಓದಿದಂತಿರುವ ಜಾಗಗಳು, ಜನ ಕೈಬಿಡುವುದು ಅಲ್ಲೇ. ಸಣ್ಣ ಪ್ರಶ್ನೆಗೆ ಒಂದೂವರೆ ನಿಮಿಷದೊಳಗೆ ಉತ್ತರ ಬರಬೇಕು. ದೊಡ್ಡದೊಂದು ಪ್ರಶ್ನೆಯನ್ನು ಮಾತ್ರ ಕೊನೆಯವರೆಗೆ ಎಳೆಯಬಹುದು.

ಇತಿಹಾಸವನ್ನು ಮುಂದೆ ಗುಡ್ಡೆ ಹಾಕಬೇಡಿ. ಹೆಸರಘಟ್ಟ, ತಿಪ್ಪಗೊಂಡನಹಳ್ಳಿ ಎರಡೂ ಅರ್ಕಾವತಿಯವು. ಬೆಳೆದ ಊರಿಗೆ ಅರ್ಕಾವತಿ ಸಾಲದೆ ಹೋದದ್ದರಿಂದಲೇ 100 ಕಿ.ಮೀ. ದೂರದ ನದಿಗೆ ಕೈ ಚಾಚಬೇಕಾಯಿತು. "ಇಷ್ಟು ದೂರದಿಂದ ಯಾಕೆ?" ಎಂದು ಕೇಳುವ ಜಾಗದಲ್ಲಿ ಆ ಎರಡು ಇಸವಿ ಇಪ್ಪತ್ತು ಸೆಕೆಂಡಿನಲ್ಲಿ ಬಂದು ಹೋದರೆ ನೆನಪಿನಲ್ಲಿ ನಿಲ್ಲುತ್ತವೆ.

ನಂತರ ರೇಡಿಯೊ ಕಟ್. ಚಿತ್ರವಿಲ್ಲದೆ ನಿರೂಪಣೆ, ಸಂದರ್ಶನದ ತುಂಡುಗಳನ್ನು ಮಾತ್ರ ಜೋಡಿಸಿ ಹೊರಗಿನವರೊಬ್ಬರಿಗೆ ಕೇಳಿಸಿ. ಕೇಳಿ ಅರ್ಥವಾಗದ ಜಾಗಗಳನ್ನು ಕೆಂಪು ಮಾರ್ಕರ್‌ನಲ್ಲಿ ಗುರುತು ಮಾಡಿ. 22 ನಿಮಿಷದಲ್ಲಿ ಅಂಥವು ಐದೋ ಆರೋ ಸಿಗುತ್ತವೆ, ಗ್ರಾಫಿಕ್ಸ್‌ನ ದುಡ್ಡು, ದಿನ ಎರಡೂ ಅಲ್ಲಿಗೆ ಹೋಗಲಿ. ಮಾತಿನಲ್ಲೇ ತಿಳಿಯುವುದಕ್ಕೆ ಅನಿಮೇಶನ್ ಮಾಡಿಸುವುದು ದಂಡ.

ನಿರೂಪಣೆಯ ಉದ್ದವನ್ನೂ ಅಳೆಯಿರಿ. ನಮ್ಮ ಪದಗಳಿಗೆ ವಿಭಕ್ತಿ, ಪ್ರತ್ಯಯ ಎಲ್ಲ ಅಂಟಿಕೊಂಡು ಉದ್ದವಾಗಿರುವುದರಿಂದ ತಾಂತ್ರಿಕ ವಿಷಯಕ್ಕೆ ನಿಮಿಷಕ್ಕೆ 100 ಪದ ದಾಟಿದರೆ ಓಟವಾಗುತ್ತದೆ. ಚಿತ್ರದ ಶೇ. 60ರಷ್ಟು ಹೊತ್ತು ಮಾತು ಅಂದುಕೊಂಡರೆ ಒಟ್ಟು 1,300 ಪದ ಸಾಕು. ನಿಮ್ಮದು ಎಷ್ಟಿದೆ?

ಟೈಮ್‌ಲೈನ್_ಬಸವನಗುಡಿ

ಎಣಿಸಿದೆ. 2,350.

ಪಂಪ್‌ಹೌಸ್

ಮೂರು ಹಂತದ ಉತ್ತರವನ್ನು ಲೆಕ್ಕದ ಸಮೇತ ಬರೆಯುತ್ತೇನೆ, ನಿಮಗೆ ಬೇಕಾದಷ್ಟು ತೆಗೆದುಕೊಳ್ಳಿ.

ಎತ್ತಬೇಕಾದ ಎತ್ತರ ಸುಮಾರು 500 ಮೀಟರ್. ಬೆಂಗಳೂರು ಸಮುದ್ರಮಟ್ಟದಿಂದ ಸುಮಾರು 920 ಮೀ., ನಂದಿಬೆಟ್ಟದ ತುದಿ 1,478 ಮೀ. ಅಂದರೆ ಊರಿನಿಂದ ನಂದಿಬೆಟ್ಟದ ನೆತ್ತಿಗೆ ನೀರು ಹತ್ತಿಸಿದಷ್ಟೇ ಕೆಲಸ ಹೆಚ್ಚುಕಡಿಮೆ, ದಿನದ 24 ಗಂಟೆ. ಈ ಹೋಲಿಕೆ ಬೆಂಗಳೂರಿನವರಿಗೆ ಕಾಲಿನ ಮೂಲಕವೇ ಗೊತ್ತು, ಹೊರಗಿನ ಯಾವ ಗೋಪುರವೂ ಬೇಡ.

10 ಮೀ. ನೀರಿನ ಕಂಬ ಅಂದರೆ ಹತ್ತಿರ ಹತ್ತಿರ 1 ಬಾರ್ ಒತ್ತಡ. ಅಡುಗೆಮನೆಯ ಕುಕ್ಕರ್ ವಿಷಲ್ ಎತ್ತುವುದೂ ಸುಮಾರು 1 ಬಾರ್‌ಗೆ. 500 ಮೀ.ಗೆ 49 ಬಾರ್. ಒಂದೇ ಏಟಿಗೆ ಎತ್ತಿದರೆ ಬುಡದಲ್ಲಿರುವ ಪೈಪು, ವಾಲ್ವ್, ಗ್ಯಾಸ್ಕೆಟ್ ಎಲ್ಲವೂ 49 ಕುಕ್ಕರ್‌ಗಳ ಒತ್ತಡ ತಡೆಯಬೇಕು, ಘರ್ಷಣೆಯದ್ದು ಬೇರೆ. ಅದೇ ವ್ಯಾಸದ ಪೈಪಿಗೆ ಒತ್ತಡ ಮೂರು ಪಟ್ಟಾದರೆ ಉಕ್ಕಿನ ದಪ್ಪವೂ ಮೂರು ಪಟ್ಟು ಬೇಕು. ಮೂರು ಕಡೆ ಹಂಚಿಕೊಂಡರೆ ಎಲ್ಲ ಕಡೆಯೂ ತೆಳುವಾದ ಪೈಪು ಸಾಕು. ಹಂಚಿಕೆ ಸಮಪಾಲಲ್ಲ, ಗ್ರಾಫಿಕ್ಸ್‌ನಲ್ಲಿ ಮೂರು ಸಮ ಮೆಟ್ಟಿಲು ಬರೆಯಬೇಡಿ.

ಎರಡನೇ ಕಾರಣವನ್ನು ಯಾರೂ ತೋರಿಸುವುದಿಲ್ಲ: ಕರೆಂಟು ಹೋದಾಗ ಏನಾಗುತ್ತದೆ. ಪಂಪು ನಿಂತರೂ ಪೈಪಿನೊಳಗಿನ ನೀರಿನ ವೇಗ ತಕ್ಷಣ ನಿಲ್ಲುವುದಿಲ್ಲ. ಉಕ್ಕಿನ ಪೈಪಿನಲ್ಲಿ ಒತ್ತಡದ ಅಲೆ ಸೆಕೆಂಡಿಗೆ ಸುಮಾರು 1,000 ಮೀ. ಓಡುತ್ತದೆ, ಸೆಕೆಂಡಿಗೆ 1 ಮೀ. ವೇಗದ ನೀರು ದಿಢೀರನೆ ನಿಂತರೆ ಏಳುವ ಹೊಡೆತ ಸುಮಾರು 10 ಬಾರ್. ಇದಕ್ಕೇ ವಾಟರ್ ಹ್ಯಾಮರ್ ಅನ್ನುವುದು. ಪಂಪ್‌ಹೌಸ್ ಪಕ್ಕದಲ್ಲಿ ನಿಂತಿರುವ ಸರ್ಜ್ ಟ್ಯಾಂಕ್, ಏರ್ ವೆಸಲ್‌ಗಳು ಈ ಹೊಡೆತ ಹೀರಿಕೊಳ್ಳಲಿಕ್ಕೆ ಇರುವುದು. ಹಳೇ ಮನೆಗಳಲ್ಲಿ ನಲ್ಲಿ ಪಟ್ಟನೆ ತಿರುಗಿಸಿ ನಿಲ್ಲಿಸಿದರೆ ಗೋಡೆಯೊಳಗೆ "ಡಬ್" ಎಂದು ಸದ್ದಾಗುತ್ತಲ್ಲ, ಅದೇ ಸಂಗತಿ. ಆ ನಲ್ಲಿಯ ಕ್ಲೋಸಪ್ಪು, ಡಬ್ ಸದ್ದು, ಮರುಫ್ರೇಮಿಗೆ ಸರ್ಜ್ ಟ್ಯಾಂಕು. ಎಂಟು ಸೆಕೆಂಡಿನಲ್ಲಿ ಮುಗಿಯುತ್ತದೆ, ನಿರೂಪಣೆಯೂ ಬೇಡ.

ಪ್ರಮಾಣದ ಬಗ್ಗೆ. ಐದನೇ ಹಂತ ಉದ್ಘಾಟನೆಯಾದದ್ದು 2024ರ ಅಕ್ಟೋಬರ್‌ನಲ್ಲಿ, 775 ಎಂಎಲ್‌ಡಿ (ದಿನಕ್ಕೆ ಹತ್ತು ಲಕ್ಷ ಲೀಟರ್‌ಗಳ ಲೆಕ್ಕ). "ಎಂಎಲ್‌ಡಿ" ಎಂದು ಬರೆದು ಬಿಟ್ಟರೆ ಯಾರಿಗೂ ಏನೂ ಕಾಣುವುದಿಲ್ಲ. ದಿನಕ್ಕೆ 77.5 ಕೋಟಿ ಲೀಟರ್ ಎಂದರೂ ಅಷ್ಟೇ. ಸೆಕೆಂಡಿಗೆ ಭಾಗಿಸಿ: 8,970 ಲೀಟರ್. ತಾರಸಿಯ ಮೇಲಿರುವ ಸಾವಿರ ಲೀಟರ್‌ನ ಕಪ್ಪು ಟ್ಯಾಂಕು ಒಂದು ಸೆಕೆಂಡಿಗೆ ಒಂಬತ್ತು. ನಿಮ್ಮ ಟೈಮ್‌ಲೈನಿನಲ್ಲಿ 25 ಫ್ರೇಮಿಗೆ ಒಂಬತ್ತು ಟ್ಯಾಂಕು ತುಂಬಿಸಿ ತೋರಿಸಿ, ಪಕ್ಕದಲ್ಲಿ ಸೆಕೆಂಡಿನ ಮುಳ್ಳು ಓಡಲಿ.

ಪತ್ರಿಕೆಯಲ್ಲಿ ಟಿಎಂಸಿ, ಕ್ಯೂಸೆಕ್ಸ್ ಓದಿದವರಿಗೆ ಕೊಂಡಿ ಬೇಕಿದ್ದರೆ, 775 ಎಂಎಲ್‌ಡಿ ಅಂದರೆ ವರ್ಷಕ್ಕೆ ಸರಿಸುಮಾರು 10 ಟಿಎಂಸಿ. ಟಿಎಂಸಿ (ನೂರು ಕೋಟಿ ಘನ ಅಡಿ) ಪ್ರಮಾಣ, ಕ್ಯೂಸೆಕ್ಸ್ (ಸೆಕೆಂಡಿಗೆ ಘನ ಅಡಿ) ಹರಿವಿನ ದರ. ಎರಡನ್ನೂ ಒಂದೇ ಸಾಲಿನಲ್ಲಿ ಬೆರೆಸಿ "10 ಟಿಎಂಸಿ ವೇಗದಲ್ಲಿ" ಎನ್ನುವ ನಿರೂಪಣೆ ಬಂದುಬಿಡುತ್ತದೆ. ದಯವಿಟ್ಟು ತಪ್ಪಿಸಿ.

ನಕ್ಷೆಗೆರೆ

ಆ 500 ಮೀಟರ್ ತೋರಿಸುವಾಗ ಎಲ್ಲರೂ ಎಡವುವ ಜಾಗ ಒಂದಿದೆ. 1920 ಪಿಕ್ಸೆಲ್ ಅಗಲದ ಫ್ರೇಮಿನಲ್ಲಿ ಎರಡೂ ಬದಿ ಅಂಚು ಬಿಟ್ಟರೆ 1600 ಉಳಿಯುತ್ತದೆ. 100 ಕಿ.ಮೀ. ಅದರಲ್ಲಿ ಹಿಡಿಸಿದರೆ ಒಂದು ಪಿಕ್ಸೆಲ್‌ಗೆ 62.5 ಮೀ. 500 ಮೀ. ಎತ್ತರ ಅಂದರೆ ಕೇವಲ 8 ಪಿಕ್ಸೆಲ್. ನಿಜವಾದ ಅಳತೆಯಲ್ಲಿ ಬರೆದರೆ ಗೆರೆ ಮಲಗಿಯೇ ಇರುತ್ತದೆ. ಹಾಗಾಗಿ ಎಲ್ಲರೂ ಎತ್ತರವನ್ನು 50 ಪಟ್ಟು ಹಿಗ್ಗಿಸಿ 400 ಪಿಕ್ಸೆಲ್ ಮಾಡುತ್ತಾರೆ, ಮಾಡಿದ್ದನ್ನು ಹೇಳುವುದಿಲ್ಲ. ನೋಡುಗನ ತಲೆಯಲ್ಲಿ ಕನಕಪುರ ರಸ್ತೆ ಕಡಿದಾದ ಬಂಡೆಯಾಗಿ ಉಳಿಯುತ್ತದೆ. ನಿಜದಲ್ಲಿ ಏರು ಕಿ.ಮೀ.ಗೆ ಸರಾಸರಿ 5 ಮೀ., ಬೈಕಿನಲ್ಲಿ ಹೋದರೆ ಗೊತ್ತೂ ಆಗುವುದಿಲ್ಲ.

ಮೊದಲು ನಿಜವಾದ ಅಳತೆಯ ಚಪ್ಪಟೆ ಗೆರೆಯನ್ನು ಮೂರು ಸೆಕೆಂಡ್ ತೋರಿಸಿ. ಆಮೇಲೆ ಕಣ್ಣೆದುರೇ ಮೇಲಕ್ಕೆ ಹಿಗ್ಗಿಸಿ, ಒಂದೂವರೆ ಸೆಕೆಂಡಿನಲ್ಲಿ. "ಎತ್ತರ 50 ಪಟ್ಟು ಹಿಗ್ಗಿಸಿದೆ" ಎಂಬ ಸಾಲು ಆ ಗ್ರಾಫಿಕ್ ಇರುವಷ್ಟು ಹೊತ್ತೂ ಮೂಲೆಯಲ್ಲಿ ಇರಲಿ. ದೂರ ಎಷ್ಟು, ಏರು ಎಷ್ಟು ಅನ್ನುವ ಎರಡೂ ಸತ್ಯ ಹೀಗೆ ಒಟ್ಟಿಗೆ ದಾಟುತ್ತವೆ.

ಎತ್ತರದ ದತ್ತಾಂಶ ಎಸ್‌ಆರ್‌ಟಿಎಂ 30 ಮೀ. ಅಥವಾ ಇಸ್ರೊದ ಭುವನ್‌ನ ಕಾರ್ಟೊಡೆಮ್, ಎರಡೂ ಉಚಿತ. ಕ್ಯೂಜಿಐಎಸ್ ಎಂಬ ನಕ್ಷೆ ತಂತ್ರಾಂಶದಲ್ಲಿ ಪೈಪಿನ ದಾರಿ ಗೆರೆ ಎಳೆದು ಪ್ರೊಫೈಲ್ (ದಾರಿಯುದ್ದಕ್ಕೂ ಎತ್ತರದ ಗೆರೆ) ತೆಗೆಯಿರಿ. ನಗರದೊಳಗೆ ಬಂದಾಗ ಗೆರೆ ಹಲ್ಲುಹಲ್ಲಾಗುತ್ತದೆ: ಮೇಲಿನಿಂದ ಮಾಡಿದ ಅಳತೆಯಲ್ಲಿ ನೆಲದ ಜೊತೆ ಮರ, ಕಟ್ಟಡದ ತಲೆಯೂ ಸೇರಿರುತ್ತದೆ. ಅಲ್ಲಿ ಮೃದು ಮಾಡಿಕೊಳ್ಳಿ, ಇಲ್ಲದಿದ್ದರೆ ನೀರು ಅಪಾರ್ಟ್‌ಮೆಂಟಿನ ಮೇಲೆ ಹತ್ತಿ ಇಳಿದಂತೆ ಕಾಣುತ್ತದೆ. ಓಪನ್‌ಸ್ಟ್ರೀಟ್‌ಮ್ಯಾಪ್ ಬಳಸಿದರೆ ಅದರ ಹೆಸರು ತೆರೆಯ ಮೇಲೆ ಹಾಕುವುದು ಕಡ್ಡಾಯ, ದೇಶದ ಗಡಿ ಕಾಣುವ ನಕ್ಷೆಗೆ ಸರ್ವೆ ಆಫ್ ಇಂಡಿಯಾದ ಗಡಿಯನ್ನೇ ತೆಗೆದುಕೊಳ್ಳಿ.

ದಿಕ್ಕು ಇನ್ನೊಂದು. ನಿಮ್ಮ ಪ್ರೊಫೈಲಿನಲ್ಲಿ ನೀರು ಎಡದಿಂದ ಬಲಕ್ಕೆ ಹೋದರೆ ಇಡೀ ಚಿತ್ರದಲ್ಲಿ ಬಲವೇ ಬೆಂಗಳೂರು. ಡ್ರೋನ್ ಶಾಟಿನಲ್ಲಿ ಪೈಪು ಬಲದಿಂದ ಎಡಕ್ಕೆ ಓಡಿದರೆ ನೀರು ವಾಪಸ್ ಹೋದಂತಾಗುತ್ತದೆ. ಶಾಟನ್ನು ಕನ್ನಡಿ ಮಾಡಿ ತಿರುಗಿಸಬೇಡಿ, ಬೋರ್ಡು ಉಲ್ಟಾ ಆಗುತ್ತದೆ, ಆ ಊರಿನವರು ಹಿಡಿದುಬಿಡುತ್ತಾರೆ. ಬೇರೆ ಟೇಕ್ ಹುಡುಕಿ, ಇಲ್ಲವೇ ನಡುವೆ ಪೈಪಿಗೆ ನೇರ ಎದುರಿನಿಂದ ತೆಗೆದ ಶಾಟ್ ಒಂದನ್ನಿಟ್ಟು ದಿಕ್ಕು ಬದಲಿಸಿ.

ನನ್ನ ಸಲಹೆ, ತೆರೆಯ ಎಡಗಡೆ ಸಣ್ಣದೊಂದು ಎತ್ತರದ ಪಟ್ಟಿ ಇಡೀ ಚಿತ್ರದಲ್ಲಿ ಇರಲಿ. ನೀರು ಈಗ ಎಷ್ಟು ಮೀಟರಿನಲ್ಲಿದೆ ಎಂದು ತೋರಿಸುತ್ತಿರಲಿ.

ಕತ್ತರಿ_ಮಲ್ಲೇಶ್ವರ

ಕೊನೆಯದನ್ನು ಮಾತ್ರ ಒಪ್ಪಲಾರೆ. ಸದಾ ಇರುವ ಗ್ರಾಫಿಕ್ ಎರಡು ನಿಮಿಷದಲ್ಲಿ ಚಾನೆಲ್ ಲೋಗೋ ಥರ ಕಣ್ಣಿಗೆ ಬೀಳದಂತಾಗುತ್ತದೆ. ಹಂತ ಬದಲಾದಾಗ ಮಾತ್ರ ನಾಲ್ಕು ಸೆಕೆಂಡ್ ಬರಲಿ. ಪಟ್ಟಿ ತೆರೆಯ ತುಂಬ ಬಂದು ನೀರು ಒಂದು ಮೆಟ್ಟಿಲು ಏರಿ ಹೋಗಲಿ. ಬಂದಾಗೆಲ್ಲ ಅದೇ ಜಾಗ, ಅದೇ ಬಣ್ಣ, ಅದೇ ಸದ್ದು. ಮೂರನೇ ಸಲ ಬರುವಾಗ ನೋಡುಗನೇ ಮುಂದಿನ ಮೆಟ್ಟಿಲಿಗೆ ಕಾಯುತ್ತಿರುತ್ತಾನೆ.

ನಕ್ಷೆಗೆರೆ

ಯೂಟ್ಯೂಬ್‌ಗೆ ನಿಮ್ಮ ಮಾತು ಸರಿ. ಶಾಲೆಯಲ್ಲಿ ಮೇಷ್ಟ್ರು ನಡುವೆ ನಿಲ್ಲಿಸಿ ಪ್ರಶ್ನೆ ಕೇಳುತ್ತಾರೆ, ಆ ಪ್ರತಿಗೆ ಪಟ್ಟಿ ಇರುವುದೇ ಒಳ್ಳೆಯದು. ಬೇರೆ ಟ್ರ್ಯಾಕಿನಲ್ಲಿಟ್ಟು ಎರಡು ಎಕ್ಸ್‌ಪೋರ್ಟ್ ತೆಗೆದರಾಯಿತು.

ಲೇಬಲ್‌ಗಳ ವಿಷಯ ಮರೆತಿದ್ದೆ. ನಿರೂಪಕರು ಹೇಳುವ ವಾಕ್ಯವನ್ನೇ ತೆರೆಯ ಮೇಲೆ ಬರೆಯಬೇಡಿ. ಓದುವುದು, ಕೇಳುವುದು ಒಂದಕ್ಕೊಂದು ಅಡ್ಡ ಬರುತ್ತವೆ. ಒಂದು ಅಥವಾ ಎರಡು ಪದ, ಬಾಯಲ್ಲಿ ಬರುವ ಕ್ಷಣಕ್ಕೇ. ಒಂದು ಹೊತ್ತಿಗೆ ಒಂದೇ ವಸ್ತು ಅಲುಗಾಡಲಿ, ನಿಂತ ಮೇಲೆ ಎರಡು ಸೆಕೆಂಡ್ ಹಾಗೇ ಬಿಡಿ.

ಧ್ವನಿಪಟ್ಟಿ

ಪಂಪ್‌ಹೌಸಿನೊಳಗೆ ಸಂದರ್ಶನ ತೆಗೆದಿದ್ದರೆ ಅದನ್ನು ಉಳಿಸಲು ಹೆಣಗಬೇಡಿ. ಮೋಟಾರಿನ ಗುಂಯ್ ಸದ್ದಿನ ಮೂಲ 100 ಹರ್ಟ್ಸ್ (50 ಹರ್ಟ್ಸ್ ಕರೆಂಟಿನ ಇಮ್ಮಡಿ), ಅದರ ಮೇಲೆ 200, 300, 400 ಎಂದು ಏಣಿಯಂತೆ ಸಾಲು. ಅವನ್ನೆಲ್ಲ ನಾಚ್ ಫಿಲ್ಟರ್ (ಒಂದೇ ಕಂಪನವನ್ನು ಕಡಿಯುವ ಫಿಲ್ಟರ್) ಹಾಕಿ ಕಡಿದರೆ ಗಂಡಸಿನ ದನಿಯ ಬುಡವೇ ಹೋಗಿ ಡಬ್ಬದೊಳಗಿಂದ ಮಾತಾಡಿದಂತಾಗುತ್ತದೆ. ಆ ಇಂಜಿನಿಯರನ್ನು ಹೊರಗೆ ಕೂರಿಸಿ ಅದೇ ಪ್ರಶ್ನೆಗಳಿಗೆ ದನಿ ಮಾತ್ರ ಮತ್ತೆ ತೆಗೆಯಿರಿ, ಒಳಗಿನ ದೃಶ್ಯದ ಮೇಲೆ ಹೊದಿಸಿ.

ಒಳಗೆ ತೆಗೆಯಬೇಕಾದ ಸದ್ದು ಬೇರೆಯೇ. ಪಂಪು ಶುರುವಾಗುವ ಪೂರ್ತಿ ಕ್ರಮ, ತುಂಡಿಲ್ಲದೆ, ಮೂರು ನಿಮಿಷ: ಸೆಂಟ್ರಿಫ್ಯೂಗಲ್ ಪಂಪು ಡೆಲಿವರಿ ವಾಲ್ವ್ ಮುಚ್ಚಿಕೊಂಡೇ ಶುರುವಾಗುತ್ತದೆ, ಮೋಟಾರು ವೇಗ ಹಿಡಿಯುತ್ತದೆ, ಆಮೇಲೆ ವಾಲ್ವ್ ನಿಧಾನಕ್ಕೆ ತೆರೆದುಕೊಳ್ಳುತ್ತದೆ, ಸದ್ದು ಸಣಕಲಿನಿಂದ ದಪ್ಪಗಾಗುತ್ತದೆ. ಮುಚ್ಚಿದ ವಾಲ್ವಿನ ಎದುರು ಯಾಕೆ ಶುರು ಮಾಡುತ್ತಾರೆ? ಹರಿವು ಇಲ್ಲದಿದ್ದಾಗ ಮೋಟಾರಿನ ಮೇಲೆ ಹೊರೆ ಕಡಿಮೆ. ಈ ಒಂದು ಸದ್ದಿನ ಬದಲಾವಣೆ ನಿಮ್ಮ ಒಂದು ಪ್ಯಾರಾ ನಿರೂಪಣೆಯನ್ನು ತೆಗೆದುಹಾಕುತ್ತದೆ. ಹಿಂದಿನ ದೃಶ್ಯ ಮುಗಿಯುವ ಮೂರು ಸೆಕೆಂಡ್ ಮುಂಚೆಯೇ ಈ ಸದ್ದು ಒಳಗೆ ಬರಲಿ.

ಫೋನಿನ ಸ್ಪೀಕರಿನಲ್ಲಿ 100 ಹರ್ಟ್ಸ್ ಕೇಳಿಸುವುದೇ ಇಲ್ಲ. ಹೆಡ್‌ಫೋನಿನಲ್ಲಿ ಎದೆಗೆ ಬಡಿಯುವ ಪಂಪ್‌ಹೌಸು ಫೋನಿನಲ್ಲಿ ಖಾಲಿ ಕೋಣೆ. 300ರಿಂದ 600ರ ನಡುವೆ ಎರಡು ಮೂರು ಡೆಸಿಬಲ್ ಎತ್ತಿ, ಫೋನಿನಲ್ಲೇ ಕೇಳಿ ನೋಡಿ. ಪ್ರತಿ ಜಾಗದಲ್ಲೂ ಒಂದು ನಿಮಿಷ ಬರೀ ಜಾಗದ ಸದ್ದು ಇರಬೇಕು. ಯೂಟ್ಯೂಬ್‌ಗೆ ಒಟ್ಟು ಲೌಡ್‌ನೆಸ್ (ಸದ್ದಿನ ಸರಾಸರಿ ಗಟ್ಟಿತನ) -14 ಎಲ್‌ಯುಎಫ್‌ಎಸ್, ಟ್ರೂ ಪೀಕ್ (ಕ್ಷಣಿಕ ಗರಿಷ್ಠ) -1 ಡೆಸಿಬಲ್ ದಾಟಬಾರದು. ಲೆಕ್ಕ ವಿವರಿಸುವ ಜಾಗದಲ್ಲಿ ಸಂಗೀತ ಪೂರ್ತಿ ನಿಲ್ಲಿಸಿ, ತಗ್ಗಿಸಿದರೆ ಸಾಲದು.

ಟೈಮ್‌ಲೈನ್_ಬಸವನಗುಡಿ

ಎಲ್ಲರಿಗೂ ಧನ್ಯವಾದ. ಎರಡು ತಾಂತ್ರಿಕ ತೊಂದರೆ ಇದೆ. ಒಂದು, ಫೋನಿನಲ್ಲಿ ತೆಗೆದ ಮೋಟಾರು ಶಾಫ್ಟ್ ತೀರಾ ನಿಧಾನಕ್ಕೆ, ಅದೂ ಹಿಂದಕ್ಕೆ ತಿರುಗಿದಂತೆ ಕಾಣುತ್ತದೆ. ಎರಡು, ಒಳಾಂಗಣದ ಕೆಲವು ಕ್ಲಿಪ್‌ಗಳಲ್ಲಿ ಕಪ್ಪು ಪಟ್ಟೆ ಮೇಲಿಂದ ಕೆಳಕ್ಕೆ ಉರುಳುತ್ತದೆ.

ಶಟರ್_ಐವತ್ತು

ಶಾಫ್ಟಿನದು ಹೀಗೆ. ನಾಲ್ಕು ಪೋಲಿನ ಮೋಟಾರು 50 ಹರ್ಟ್ಸ್‌ನಲ್ಲಿ ನಿಮಿಷಕ್ಕೆ ಸುಮಾರು 1,480 ಸುತ್ತು, ಸೆಕೆಂಡಿಗೆ 24.67. ಸೆಕೆಂಡಿಗೆ 25 ಫ್ರೇಮ್ ತೆಗೆದರೆ ಪ್ರತಿ ಫ್ರೇಮಿಗೂ ಶಾಫ್ಟ್ ಒಂದು ಪೂರ್ತಿ ಸುತ್ತಿಗೆ 4.8 ಡಿಗ್ರಿ ಕಮ್ಮಿ ತಿರುಗಿರುತ್ತದೆ. ಕಣ್ಣಿಗೆ ಅದು ಹಿಂದಕ್ಕೆ 4.8 ಡಿಗ್ರಿ. ಮೂರು ಸೆಕೆಂಡಿಗೆ ಒಂದು ಉಲ್ಟಾ ಸುತ್ತು. ಫೋನ್ ಕ್ಲಿಪ್ಪನ್ನು ನೀವು 30ರಿಂದ 25ಕ್ಕೆ ಹೇಗೆ ಇಳಿಸಿದಿರಿ ಅನ್ನುವುದರ ಮೇಲೆ ಈ ವೇಗ ಬದಲಾಗುತ್ತದೆ, ಕಾರಣ ಮಾತ್ರ ಇದೇ. ಬೆಳಕು ಜಾಸ್ತಿ ಇದ್ದಾಗ ಫೋನು ತಾನಾಗಿ ಶಟರನ್ನು (ಫ್ರೇಮಿಗೆ ಬೆಳಕು ಬೀಳುವ ಹೊತ್ತನ್ನು) 1/1000 ಸೆಕೆಂಡಿಗೆ ಇಳಿಸುವುದರಿಂದ ಪ್ರತಿ ಫ್ರೇಮೂ ಚೂಪಾಗಿ, ಈ ಮೋಸ ಸ್ಪಷ್ಟವಾಗಿ ಕಾಣುತ್ತದೆ. ಶಟರ್ 1/50 ಇದ್ದರೆ ಫ್ರೇಮ್ ತೆರೆದಿರುವ ಹೊತ್ತಿನಲ್ಲೇ ಶಾಫ್ಟ್ ಅರ್ಧ ಸುತ್ತು ತಿರುಗಿ ಮಸುಕಾಗುತ್ತದೆ. ಆ ಮಸುಕೇ ವೇಗ. ಎಡಿಟ್‌ನಲ್ಲಿ ಮೋಶನ್ ಬ್ಲರ್ ಹಾಕಿದರೆ ದಿಕ್ಕು ಸರಿಹೋಗುವುದಿಲ್ಲ, ಎನ್‌ಡಿ ಫಿಲ್ಟರ್ (ಬೆಳಕು ತಗ್ಗಿಸುವ ಗಾಜು) ಹಾಕಿ ಮತ್ತೆ ತೆಗೆಯಿರಿ. ಆಗದಿದ್ದರೆ ಶಾಫ್ಟ್ ಬಿಟ್ಟು ಒತ್ತಡದ ಮಾಪಕದ ಮುಳ್ಳು ಏರುವುದನ್ನು ತೋರಿಸಿ, ವಿಷಯ ಅಲ್ಲೇ ಹೆಚ್ಚಿದೆ.

ಉರುಳುವ ಪಟ್ಟೆಗೂ 50 ಹರ್ಟ್ಸೇ ಕಾರಣ. ನಮ್ಮ ದೀಪಗಳು ಸೆಕೆಂಡಿಗೆ 100 ಸಲ ಮಿಡಿಯುತ್ತವೆ. 1/50 ಅಥವಾ 1/100 ಶಟರ್ ಇದ್ದರೆ ಪ್ರತಿ ಫ್ರೇಮಿಗೂ ಸಮ ಬೆಳಕು. ಫೋನು 30 ಫ್ರೇಮಿನಲ್ಲಿ 1/60 ಇಟ್ಟುಕೊಂಡರೆ ಪಟ್ಟೆ ಗ್ಯಾರಂಟಿ. ಡಿಫ್ಲಿಕರ್ ಪ್ಲಗಿನ್ ಸ್ಥಿರ ಶಾಟಿನಲ್ಲಿ ಪರವಾಗಿಲ್ಲ, ಕ್ಯಾಮೆರಾ ಅಲುಗಿದರೆ ಕಲೆ ಬಿಡುತ್ತದೆ.

ಫೋನಿನ ಕ್ಲಿಪ್‌ಗಳ ಫ್ರೇಮ್ ದರ ಒಂದೇ ಸಮ ಇರುವುದಿಲ್ಲ, 29ಕ್ಕೂ 30ಕ್ಕೂ ಓಲಾಡುತ್ತದೆ, ಹತ್ತು ನಿಮಿಷದಲ್ಲಿ ದನಿ ತುಟಿಗೆ ಕೂಡುವುದಿಲ್ಲ. ಟೈಮ್‌ಲೈನಿಗೆ ಹಾಕುವ ಮೊದಲೇ ಶಟರ್ ಎನ್‌ಕೋಡರ್ ಅಥವಾ ಹ್ಯಾಂಡ್‌ಬ್ರೇಕ್ ತಂತ್ರಾಂಶದಲ್ಲಿ ಸ್ಥಿರ ದರಕ್ಕೆ ಪರಿವರ್ತಿಸಿ. 30ನ್ನು 25ಕ್ಕೆ ನೇರ ಇಟ್ಟರೆ ಆರರಲ್ಲಿ ಒಂದು ಫ್ರೇಮ್ ಬಿದ್ದುಹೋಗಿ ಪ್ಯಾನ್ ಶಾಟುಗಳು ಕುಂಟುತ್ತವೆ. ಅಂಥವಕ್ಕೆ ಸ್ಥಿರ ಶಾಟ್‌ಗಳನ್ನೇ ಆರಿಸಿ.

ಶುದ್ಧೀಕರಣದ ಐದು ನಿಮಿಷಕ್ಕೂ ಒಂದು ಮಾತು. ಇಡೀ ಘಟಕವನ್ನು ಸುತ್ತಿಸುವ ಬದಲು ಪ್ರಯೋಗಾಲಯದ ಜಾರ್ ಟೆಸ್ಟ್ ಒಂದೇ ತೋರಿಸಿ. ಸಾಲಾಗಿ ಆರು ಬೀಕರ್, ಒಂದೊಂದಕ್ಕೂ ಬೇರೆ ಬೇರೆ ಪ್ರಮಾಣದ ಆಲಂ (ಪಟಿಕ). ಒಂದು ನಿಮಿಷ ಜೋರಾಗಿ ಕಲಕಿ, ಇಪ್ಪತ್ತು ನಿಮಿಷ ನಿಧಾನಕ್ಕೆ ತಿರುಗಿಸಿ, ಅರ್ಧ ಗಂಟೆ ಸುಮ್ಮನೆ ಬಿಡುತ್ತಾರೆ. ಕೆಸರು ಹಿಂಜಿದ ಹತ್ತಿಯಂತೆ ಕೂಡಿಕೊಂಡು ತಳಕ್ಕೆ ಇಳಿಯುತ್ತದೆ. ಆ ಅರ್ಧ ಗಂಟೆಯನ್ನು ಐದು ಸೆಕೆಂಡಿಗೊಂದು ಫೋಟೊದಂತೆ ತೆಗೆದರೆ 360 ಫ್ರೇಮ್, 14.4 ಸೆಕೆಂಡಿನ ಶಾಟ್. ಮೂಲೆಯಲ್ಲಿ ಗಡಿಯಾರ ಇರಲೇಬೇಕು, ಇಲ್ಲದಿದ್ದರೆ ಅಷ್ಟು ಬೇಗ ತಿಳಿಯಾಗುತ್ತದೆ ಎಂದು ಮಕ್ಕಳು ನಂಬಿಬಿಡುತ್ತಾರೆ. ಆಮೇಲೆ ಅದೇ ಕೆಲಸ ಮಾಡುವ ದೊಡ್ಡ ತೊಟ್ಟಿಯ ಶಾಟ್ ಒಂದು, ಮರಳಿನ ಫಿಲ್ಟರ್, ಕ್ಲೋರಿನ್. ಒಂದೂ ಮುಕ್ಕಾಲು ನಿಮಿಷದಲ್ಲಿ ಮುಗಿಯುತ್ತದೆ.

ಕಂಬ_ನಂಬರ್

ಇದೇ ಎಳೆಯಲ್ಲಿ ಕೇಳುತ್ತಿದ್ದೇನೆ, ಕ್ಷಮಿಸಿ. ಮೆಟ್ರೊ ಮೇಲ್ಸೇತುವೆಯ ಮೇಲೆ ಆರು ನಿಮಿಷದ ಚಿತ್ರ. ರಾತ್ರಿ ಹೊತ್ತು ಲಾಂಚಿಂಗ್ ಗರ್ಡರ್ (ಕಂಬಗಳ ಮೇಲೆ ಕೂತ ಎತ್ತುವ ಯಂತ್ರ) ಸೆಗ್ಮೆಂಟುಗಳನ್ನು, ಅಂದರೆ ಸೇತುವೆಯ ಕಾಂಕ್ರೀಟ್ ತುಂಡುಗಳನ್ನು, ಎತ್ತುವ ಅದ್ಭುತ ಶಾಟ್‌ಗಳಿವೆ. ನೋಡಿದವರಿಗೆ ಇಷ್ಟವಾಗಿದೆ. ಆದರೆ "ಆ ತುಂಡುಗಳು ಗಮ್ಮಿನಿಂದ ನಿಂತಿವೆಯಾ?" ಎಂದು ಕೇಳುತ್ತಾರೆ.

ಪಂಪ್‌ಹೌಸ್

ಎತ್ತುವುದು ಕಾಣಲು ಚಂದ, ಸೇತುವೆ ನಿಲ್ಲುವುದು ಮಾತ್ರ ಆಮೇಲೆ ನಡೆಯುವ ಕೆಲಸದಿಂದ. ಕ್ರಮ ಇದು: ಸೆಗ್ಮೆಂಟುಗಳನ್ನು ತೂಗುಹಾಕಿ ಒಂದಕ್ಕೊಂದು ಕೂಡುತ್ತವೆಯೇ ಎಂದು ಒಣದಾಗಿ ನೋಡುವುದು, ಮುಖಗಳಿಗೆ ಎಪಾಕ್ಸಿ ಅಂಟು ಬಳಿಯುವುದು, ತಾತ್ಕಾಲಿಕ ಸರಳುಗಳಿಂದ ಅಮುಕಿ ಹಿಡಿಯುವುದು, ಆಮೇಲೆ ಒಳಗಿನ ಕೊಳವೆಗಳಲ್ಲಿ ಉಕ್ಕಿನ ತಂತಿಗಳ ಕಟ್ಟು ಪೋಣಿಸಿ ಜಾಕ್‌ನಿಂದ ಎಳೆದು ಬಿಗಿಯುವುದು, ಕೊನೆಗೆ ಭಾರವನ್ನು ಗರ್ಡರಿನಿಂದ ಕಂಬದ ಮೇಲಿನ ಬೇರಿಂಗಿಗೆ ಇಳಿಸುವುದು. ಎಪಾಕ್ಸಿ ಸಂದು ಮುಚ್ಚಿ ನೀರು ತಡೆಯುತ್ತದೆ, ಮುಖಗಳನ್ನು ಸಮ ಕೂರಿಸುತ್ತದೆ. ಸೇತುವೆಯನ್ನು ಹಿಡಿದು ನಿಲ್ಲಿಸುವುದು ಬಿಗಿದ ತಂತಿ. ಎತ್ತಿನ ಗಾಡಿಯ ಚಕ್ರಕ್ಕೆ ಕಬ್ಬಿಣದ ಪಟ್ಟಿಯನ್ನು ಕಾಯಿಸಿ ತೊಡಿಸುತ್ತಾರಲ್ಲ, ಆರಿದಾಗ ಕುಗ್ಗಿ ಮರದ ತುಂಡುಗಳನ್ನೆಲ್ಲ ಅಮುಕಿ ಒಂದು ಮಾಡುತ್ತದಲ್ಲ, ಅದೇ ತತ್ವ.

ಕತ್ತರಿ_ಮಲ್ಲೇಶ್ವರ

ಅದಕ್ಕೆ ತಕ್ಕಂತೆ ಸಮಯ ಹಂಚಿ. ಎತ್ತುವುದಕ್ಕೆ 25 ಸೆಕೆಂಡ್, ಬಿಗಿಯುವುದಕ್ಕೆ 70. ಜಾಕ್ ಕೆಲಸ ಮಾಡುವಾಗ ಇಬ್ಬರು ಎರಡು ಅಳತೆ ನೋಡುತ್ತಿರುತ್ತಾರೆ: ಒಬ್ಬರು ಎಣ್ಣೆ ಒತ್ತಡದ ಮಾಪಕ, ಇನ್ನೊಬ್ಬರು ಉಕ್ಕಿನ ಸ್ಕೇಲ್ ಹಿಡಿದು ತಂತಿ ಎಷ್ಟು ಮಿಲಿಮೀಟರ್ ಹೊರಬಂತು ಎಂದು. ಲೆಕ್ಕ ಹಾಕಿದ್ದಕ್ಕೆ ಎರಡೂ ತಾಳೆಯಾಗಬೇಕು. ಒತ್ತಡ ಏರಿಯೂ ತಂತಿ ಹಿಗ್ಗದಿದ್ದರೆ ಒಳಗೆಲ್ಲೋ ಸಿಕ್ಕಿಹಾಕಿಕೊಂಡಿದೆ ಎಂದು ಅರ್ಥ. ಸ್ಕೇಲ್ ಹಿಡಿದ ಆ ಕೈಯ ಕ್ಲೋಸಪ್ ನಿಮ್ಮ ಚಿತ್ರದ ಮುಖ್ಯ ಶಾಟ್. ಫುಟೇಜಿನಲ್ಲಿ ಇದೆಯೇ ನೋಡಿ. ಇಲ್ಲದಿದ್ದರೆ ಮತ್ತೆ ಹೋಗುವುದು ಇದೊಂದಕ್ಕೇ.

ಸ್ಟಾಕ್ ದೃಶ್ಯದ ಬಗ್ಗೆ ಎಚ್ಚರ. ನಮ್ಮ ಮೆಟ್ರೊಗೆ ಕರೆಂಟು ಬರುವುದು ಹಳಿಯ ಪಕ್ಕದ ಮೂರನೇ ಹಳಿಯಿಂದ, 750 ವೋಲ್ಟ್ ಡಿಸಿ. ಮೇಲೆ ತಂತಿ ಕಂಡರೆ ಆ ಶಾಟ್ ಬೇರೆ ಊರಿನದು. ಹಾಗೆಯೇ ಬಸವನಗುಡಿ ಸರ್, ನಿಮ್ಮಲ್ಲಿ "ನೀರು ಹೊರಡುವ ಜಾಗ" ಎಂದಾಗ ಕೆಆರ್‌ಎಸ್ ಗೇಟ್‌ಗಳ ಶಾಟ್ ಇದ್ದರೆ ತೆಗೆಯಿರಿ. ನೀರು ತೆಗೆದುಕೊಳ್ಳುವುದು ಅದಕ್ಕಿಂತ ಎಷ್ಟೋ ಕೆಳಗೆ, ಶಿವನಸಮುದ್ರದ ಬಳಿಯ ಶಿವಾ ಅಣೆಕಟ್ಟಿನಲ್ಲಿ.

ಒತ್ತಕ್ಷರ

ಎಲ್ಲ ಸರಿಹೋದ ಮೇಲೆ ಅಕ್ಷರ ಒಡೆದು ಚಿತ್ರ ಹಾಳಾಗುವುದುಂಟು. ಪ್ರೀಮಿಯರ್, ಆಫ್ಟರ್ ಎಫೆಕ್ಟ್ಸ್ ಎಡಿಟಿಂಗ್ ತಂತ್ರಾಂಶಗಳಲ್ಲಿ ಪ್ರಿಫರೆನ್ಸಸ್‌ಗೆ ಹೋಗಿ ಟೆಕ್ಸ್ಟ್ ಎಂಜಿನ್ ಅನ್ನು "ಸೌತ್ ಏಶಿಯನ್ ಅಂಡ್ ಮಿಡಲ್ ಈಸ್ಟರ್ನ್" ಮಾಡಿ. ಮಾಡದಿದ್ದರೆ "ಶಕ್ತಿ" ಹೋಗಿ "ಶಕ್‌ತಿ" ಆಗುತ್ತದೆ. ಹೊಸ ಪ್ರಾಜೆಕ್ಟಿನಲ್ಲಿ ಮೊದಲು "ಸಾಮರ್ಥ್ಯ", "ಕಾಂಕ್ರೀಟ್", "ಸ್ಥಿತ್ಯಂತರ" ಮೂರು ಪದ ಹೊಡೆದು ನೋಡಿ. ಈ ಮೂರು ಸರಿಬಂದರೆ ಬಹುಪಾಲು ಎಲ್ಲವೂ ಬರುತ್ತದೆ.

ಟ್ರ್ಯಾಕಿಂಗ್ ಸೊನ್ನೆ ಇರಲಿ. ಅಕ್ಷರಗಳ ನಡುವೆ ಜಾಗ ಬಿಟ್ಟರೆ ದೀರ್ಘ, ಒತ್ತು ಕಳಚಿಕೊಂಡು ದೂರ ಹೋಗುತ್ತವೆ. ಒಂದೊಂದೇ ಅಕ್ಷರ ಮೂಡುವ ಟೈಪ್‌ರೈಟರ್ ಅನಿಮೇಶನ್ ಕನ್ನಡಕ್ಕೆ ಬೇಡ, ಅರ್ಧಾಕ್ಷರಗಳು ಮಿಂಚಿ ಮಾಯವಾಗುತ್ತವೆ. ಪದ ಪದವಾಗಿ ಮೂಡಿಸಿ. ಸಾಲಿನ ಅಂತರ ಅಕ್ಷರ ಗಾತ್ರದ ಒಂದೂವರೆ ಪಟ್ಟು, ಇಲ್ಲದಿದ್ದರೆ ಮೇಲಿನ ಸಾಲಿನ ಒತ್ತು ಕೆಳಗಿನ ಸಾಲಿನ ಗುಡಿಸಿಗೆ ಬಡಿಯುತ್ತದೆ. ಫೋನಿನಲ್ಲಿ ಓದಬೇಕಾದರೆ 1080ರ ಟೈಮ್‌ಲೈನಿನಲ್ಲಿ 54 ಪಿಕ್ಸೆಲ್‌ಗಿಂತ ಕಮ್ಮಿ ಬೇಡ.

ಹಳೆಯ ನುಡಿ ಆಸ್ಕಿಯಲ್ಲಿ ಟೈಪ್ ಮಾಡಿದ ಸ್ಕ್ರಿಪ್ಟ್ ಬಂದಿದ್ದರೆ ಮೊದಲು ಯೂನಿಕೋಡ್‌ಗೆ ಪರಿವರ್ತಿಸಿ, ಆಮೇಲೆ ಕಣ್ಣಲ್ಲಿ ಪೂರ್ತಿ ಓದಿ. ಪರಿವರ್ತನೆಯಲ್ಲಿ ಅರ್ಕಾವೊತ್ತು ಜಾಗ ಬದಲಿಸುತ್ತದೆ, ಅಂಕಿಗಳು ಕನ್ನಡಕ್ಕೂ ಇಂಗ್ಲಿಷಿಗೂ ಹಾರುತ್ತವೆ. ಸಬ್‌ಟೈಟಲ್ ಕಡತವನ್ನು ಯುಟಿಎಫ್-8ರಲ್ಲೇ ಉಳಿಸಿ, ಒಂದು ಸಲಕ್ಕೆ ಎರಡು ಸಾಲು ಮೀರದಿರಲಿ.

ಪದಗಳ ಬಗ್ಗೆ ಸಣ್ಣ ಮಾತು. ವಾಲ್ವ್, ಪಂಪು, ಪೈಪು, ಸಂಪು ಇವಕ್ಕೆ ನಿಘಂಟಿನ ಪದ ಹುಡುಕಬೇಡಿ. ಕಂಬಿ, ಜಲ್ಲಿ, ಸೆಂಟ್ರಿಂಗ್ ಎಂದರೆ ಮೇಸ್ತ್ರಿಯಿಂದ ಮಗುವಿನವರೆಗೆ ತಿಳಿಯುತ್ತದೆ. "ಹೆಡ್" ಮಾತ್ರ ಬಿಡಿಸಿ ಹೇಳಿ, "ಎತ್ತಬೇಕಾದ ಎತ್ತರ" ಎಂದು.

ನಕ್ಷೆಗೆರೆ

ಡ್ರೋನ್ ಶಾಟ್ ಮತ್ತೆ ತೆಗೆಯುವವರು ಡ್ರೋನ್ ಎಲ್ಲಿ ಹಾರಿಸಬಹುದೆಂದು ತೋರಿಸುವ ಸರ್ಕಾರಿ ಡಿಜಿಟಲ್ ಸ್ಕೈ ನಕ್ಷೆ ನೋಡಿಕೊಂಡು ಹೋಗಿ. 2021ರ ಡ್ರೋನ್ ನಿಯಮದಂತೆ ವಿಮಾನ ನಿಲ್ದಾಣದ ಅಂಚಿನಿಂದ 8ರಿಂದ 12 ಕಿ.ಮೀ. ಪಟ್ಟಿಯಲ್ಲಿ ಹಸಿರು (ಮುಂಗಡ ಅನುಮತಿ ಬೇಡದ) ವಲಯ 200 ಅಡಿಗೇ ಮುಗಿಯುತ್ತದೆ. ನಮ್ಮೂರಿನಲ್ಲಿ ಎಚ್‌ಎಎಲ್, ಯಲಹಂಕ, ಜಕ್ಕೂರು, ದೇವನಹಳ್ಳಿ ಎಲ್ಲ ಇರುವುದರಿಂದ ನಗರದ ಬಹುಭಾಗಕ್ಕೆ ಯಾವುದಾದರೊಂದು ಮಿತಿ ಇರುತ್ತದೆ. ಜಲಾಗಾರ, ಪಂಪ್‌ಹೌಸಿಗೆ ಬೇರೆಯೇ ಲಿಖಿತ ಅನುಮತಿ ಬೇಕು, ಕಂಟ್ರೋಲ್ ರೂಮಿನ ಪರದೆಗಳನ್ನು ಮಸುಕು ಮಾಡಿ.

ಟೈಮ್‌ಲೈನ್_ಬಸವನಗುಡಿ

ಹೊಸ ಜೋಡಣೆ ಹೀಗೆ ಮಾಡಿದ್ದೇನೆ. ತಾರಸಿಯ ಟ್ಯಾಂಕು, ನಲ್ಲಿ, ಡಬ್ ಸದ್ದು. ಚಪ್ಪಟೆ ಗೆರೆ ಹಿಗ್ಗಿ 500 ಮೀ. ಆಗುವುದು, ನಂದಿಬೆಟ್ಟ. "ಒಂದೇ ಸಲಕ್ಕೆ ಯಾಕೆ ಎತ್ತಬಾರದು?" ಎಂದು ಎರಡನೇ ನಿಮಿಷಕ್ಕೆ. ಶಿವಾ ಅಣೆಕಟ್ಟು, ಜಾರ್ ಟೆಸ್ಟ್. ತೊರೆಕಾಡನಹಳ್ಳಿಯಲ್ಲಿ ಪಂಪು ಶುರುವಾಗುವ ಸದ್ದು, ಕುಕ್ಕರ್ ಲೆಕ್ಕ. ಹಾರೋಹಳ್ಳಿಯಲ್ಲಿ ಕರೆಂಟು ಹೋದರೆ ಏನು, ಸರ್ಜ್ ಟ್ಯಾಂಕು. ಅಲ್ಲೇ ಅರ್ಕಾವತಿಯ ಎರಡು ಇಸವಿ. ತಾತಗುಣಿ, ನಗರ, ವಾಲ್ವ್ ತಿರುಗಿಸುವ ಕೈ, ಸಂಪು. ನಿರೂಪಣೆ 1,280 ಪದಕ್ಕೆ ಇಳಿದಿದೆ.

ಹಾರೋಹಳ್ಳಿಯ ಭಾಗದಲ್ಲಿ ಈ ಸಾಲು ಸೇರಿಸಿದ್ದೇನೆ: "ಐದನೇ ಹಂತದ ನೀರನ್ನು ಎತ್ತಲು 13 ಲಕ್ಷ ಯೂನಿಟ್ ವಿದ್ಯುತ್ ಬೇಕು." ಲೆಕ್ಕ: ಸಾವಿರ ಲೀಟರನ್ನು 500 ಮೀ. ಎತ್ತಲು 1.36 ಯೂನಿಟ್, ಪಂಪು ಮೋಟಾರಿನ ದಕ್ಷತೆ ಶೇ. 80 ಹಿಡಿದರೆ 1.7, ಅದನ್ನು 7,75,000ದಿಂದ ಗುಣಿಸಿದೆ. ಸರಿಯೇ?

ಪಂಪ್‌ಹೌಸ್

ಗುಣಾಕಾರ ಸರಿ. ಸಾಲಿನಲ್ಲಿ ಎರಡು ಪದ ಬಿಟ್ಟುಹೋಗಿವೆ. "ದಿನಕ್ಕೆ" ಇಲ್ಲದಿದ್ದರೆ ವರ್ಷದ್ದೋ ತಿಂಗಳದ್ದೋ ತಿಳಿಯುವುದಿಲ್ಲ. "ಕನಿಷ್ಠ" ಬೇಕು, ಯಾಕೆಂದರೆ ನಿಮ್ಮ ಲೆಕ್ಕದಲ್ಲಿ ಏರು ಮಾತ್ರ ಇದೆ, 100 ಕಿ.ಮೀ. ಪೈಪಿನ ಘರ್ಷಣೆ ಸೇರಿಲ್ಲ. 775 ಪೂರ್ತಿ ಹರಿದ ದಿನದ ಲೆಕ್ಕ ಎಂದೂ ಸೇರಿಸಿ. ಸಂದರ್ಶನ ಕೊಟ್ಟ ಇಂಜಿನಿಯರ್ ಬಳಿ ಪಂಪ್‌ಹೌಸಿನ ಲಾಗ್‌ಬುಕ್ಕಿನ ಒಂದು ದಿನದ ಯೂನಿಟ್ ಕೇಳಿ. ಅದು ಸಿಕ್ಕರೆ ನಮ್ಮ ಲೆಕ್ಕ ತೆಗೆದು ಅದನ್ನೇ ಹಾಕಿ, ತಾರೀಖಿನ ಸಮೇತ.